ಕತೆಗೊಂದು ಸೂರ್ಯ: ನಿಮ್ಮದೇ ನಕ್ಷತ್ರ ಹುಟ್ಟಿಸಿ, ಅದಕ್ಕೊಂದು ವಿಳಾಸ ಕೊಡುವುದು ಹೇಗೆ?

ಕೆಲವು ವರ್ಷಗಳ ಹಿಂದೆ ನಾನೊಂದು ಕತೆ ಬರೆದೆ. ದೂರದಲ್ಲೊಂದು ಕೆಂಪು ನಕ್ಷತ್ರ, ಅದನ್ನು ಸುತ್ತುವ ಗ್ರಹ, ಆ ಗ್ರಹಕ್ಕೊಬ್ಬ ರಾಜ. ಅಲ್ಲಿಯ ವರ್ಷಕ್ಕೆ ಹನ್ನೊಂದೇ ದಿನ ಅಂತ ಮೊದಲ ಪುಟದಲ್ಲೇ ಜಂಬದಿಂದ ಹೇಳಿದ್ದೆ. ಮೂರನೇ ಪುಟದಲ್ಲಿ ರಾಜ ನೂರು ವರ್ಷ ಆಳಿದ ಅಂತ ಬರೆದೆ. ಪಿಯುಸಿ ಓದುತ್ತಿದ್ದ ಅಕ್ಕನ ಮಗ ಅದನ್ನು ಓದಿದ. ಮೊಬೈಲ್ ತೆಗೆದು ಏನೋ ಒತ್ತಿದ. ತಲೆ ಎತ್ತದೆ ಹೇಳಿದ: "ಮಾಮ, ನಿಮ್ಮ ರಾಜ ಆಳಿದ್ದು ಮೂರೇ ವರ್ಷ. ನಮ್ಮ ಎಮ್ಮೆಲ್ಲೆಗಾದ್ರೂ ಐದು ಸಿಗತ್ತೆ."

ಅವತ್ತಿನಿಂದ ನಾನು ಕತೆಗೆ ಮುಂಚೆ ಲೆಕ್ಕ ಮಾಡುತ್ತೇನೆ. ಹೆದರಬೇಡಿ, ದೊಡ್ಡ ಲೆಕ್ಕವೇನಲ್ಲ. ನಕ್ಷತ್ರದ ವಿಚಾರದಲ್ಲಿ ನೀವು ಆರಿಸಬೇಕಾದ ಮುಖ್ಯ ಸಂಖ್ಯೆ ಒಂದೇ, ಅದರ ತೂಕ. ಬಣ್ಣ, ಆಯಸ್ಸು, ಬೆಳಕು, ಗ್ರಹ ಎಲ್ಲಿರಬೇಕು, ವರ್ಷಕ್ಕೆಷ್ಟು ದಿನ, ಆಕಾಶದಲ್ಲಿ ಸೂರ್ಯ ಎಷ್ಟು ದೊಡ್ಡದಾಗಿ ಕಾಣುತ್ತಾನೆ, ಇವೆಲ್ಲ ಆ ಒಂದು ಸಂಖ್ಯೆಯ ಬೆನ್ನಿಗೆ ಬರುತ್ತವೆ. ಒಂದು ನೋಟ್‌ಬುಕ್, ವರ್ಗಮೂಲದ ಗುಂಡಿ ಇರುವ ಕ್ಯಾಲ್ಕುಲೇಟರ್, ಒಂದು ಎಲ್‌ಇಡಿ ಬಲ್ಬು. ಇಷ್ಟು ಸಾಮಾನು ಸಾಕು. ಬಲ್ಬು ಯಾಕೆ ಅಂತ ಆಮೇಲೆ ಹೇಳುತ್ತೇನೆ.

ಉದಾಹರಣೆಗೆ ನನ್ನ ಈಗಿನ ಕತೆಯ ನಕ್ಷತ್ರವನ್ನೇ ಇಟ್ಟುಕೊಳ್ಳೋಣ. ಹೆಸರು ಸೊಡರು. ಹಳೆಯ ಕನ್ನಡದಲ್ಲಿ ದೀಪ ಅಂತ. ಅದರ ಗ್ರಹ ಪಡಸಾಲೆ. ನಮ್ಮ ಕಡೆಯ ಒಂದಷ್ಟು ಜನ ತಲೆಮಾರುಗಳ ಹಿಂದೆ ಅಲ್ಲಿಗೆ ವಲಸೆ ಹೋಗಿದ್ದಾರೆ ಅನ್ನುವುದು ಕತೆ. ಹೇಗೆ ಹೋದರು ಅಂತ ಕೇಳಬೇಡಿ, ಅದನ್ನು ನಾನಿನ್ನೂ ಯೋಚಿಸಿಲ್ಲ.

ಹೆಜ್ಜೆ 1: ತೂಕ ಆರಿಸಿ

ನಮ್ಮ ಸೂರ್ಯನ ತೂಕವನ್ನು 1 ಅಂತ ಇಟ್ಟುಕೊಳ್ಳಿ. ನಿಮ್ಮದು ಅದಕ್ಕಿಂತ ಜಾಸ್ತಿಯೋ ಕಡಿಮೆಯೋ, ಅಷ್ಟು ತೀರ್ಮಾನವಾಗಲಿ.

ಹೊಸಬರೆಲ್ಲ ದೊಡ್ಡ ನಕ್ಷತ್ರಕ್ಕೇ ಕೈ ಹಾಕುತ್ತಾರೆ. ನೀಲಿ ಬೆಳಕು, ದೈತ್ಯ ಗಾತ್ರ, ಕೇಳೋಕೆ ಚೆಂದ. ತೊಂದರೆ ಇರುವುದು ಆಯಸ್ಸಿನಲ್ಲಿ. ನಕ್ಷತ್ರದ ತೂಕ ಎರಡು ಪಟ್ಟಾದರೆ ಬೆಳಕು ಎರಡು ಪಟ್ಟಾಗುವುದಿಲ್ಲ, ಹದಿನಾರು ಪಟ್ಟಾಗುತ್ತದೆ. ಮನೆಯಲ್ಲಿ ಎರಡು ಸಿಲಿಂಡರ್ ಇಟ್ಟುಕೊಂಡು ಹದಿನಾರು ಒಲೆ ಹಚ್ಚಿದ ಹಾಗೆ. ಬೇಗ ಖಾಲಿ. ನಮ್ಮ ಸೂರ್ಯನ ಒಟ್ಟು ಆಯಸ್ಸು ಸುಮಾರು 1,000 ಕೋಟಿ ವರ್ಷ, ಈಗ 460 ಕೋಟಿ ಕಳೆದಿದೆ. ಎರಡು ಪಟ್ಟು ತೂಕದ ನಕ್ಷತ್ರಕ್ಕೆ ಸಿಗುವುದು 125 ಕೋಟಿ ವರ್ಷ ಅಷ್ಟೇ.

125 ಕೋಟಿ ಕಡಿಮೆಯಾ ಅಂದರೆ, ಹೌದು, ಕಡಿಮೆ. ಭೂಮಿ ಹುಟ್ಟಿ 454 ಕೋಟಿ ವರ್ಷ ಆಗಿದೆ. ಕಣ್ಣಿಗೆ ಕಾಣುವಂಥ ಪ್ರಾಣಿಗಳು ಬಂದದ್ದು ಹೆಚ್ಚುಕಡಿಮೆ ಕೊನೆಯ 60 ಕೋಟಿ ವರ್ಷಗಳಲ್ಲಿ. ಅದಕ್ಕೂ ಮುಂಚೆ ಇಲ್ಲಿ ಇದ್ದದ್ದು ಬಹುಪಾಲು ಲೋಳೆ. ಹಾಗಾಗಿ ನೀಲಿ ನಕ್ಷತ್ರದ ಗ್ರಹದಲ್ಲಿ ಅಲ್ಲೇ ಹುಟ್ಟಿದ ನಾಗರಿಕತೆ, ಪುರಾತನ ಗುಡಿ, ಜ್ಞಾನಿಗಳು ಇದ್ದರೆ ಓದುಗರು ಹುಬ್ಬೇರಿಸುತ್ತಾರೆ. ಹೊರಗಿನಿಂದ ಬಂದು ನೆಲೆಸಿದವರು ಅಂದರೆ ಸರಿ, ಆಯಸ್ಸಿನ ಚಿಂತೆ ಇಲ್ಲ.

ಇನ್ನೊಂದು ತುದಿಯಲ್ಲಿ ಕೆಂಪು ಕುಬ್ಜಗಳು. ನಮ್ಮ ಸುತ್ತಮುತ್ತಲ ನಕ್ಷತ್ರಗಳಲ್ಲಿ ಮುಕ್ಕಾಲು ಪಾಲು ಇವೇ, ಆದರೂ ಬರಿಗಣ್ಣಿಗೆ ಒಂದೂ ಕಾಣುವುದಿಲ್ಲ. ಅಷ್ಟು ಮಂಕು. ನಮಗೆ ತೀರಾ ಹತ್ತಿರದ ನಕ್ಷತ್ರ ಪ್ರಾಕ್ಸಿಮಾ ಸೆಂಟಾರಿ ಇದೇ ಜಾತಿ, 4.24 ಜ್ಯೋತಿರ್ವರ್ಷ ದೂರ. 2016ರಲ್ಲಿ ಅದರ ಸುತ್ತ ಒಂದು ಗ್ರಹ ಸಿಕ್ಕಿತು, ಅದರ ವರ್ಷ 11.2 ದಿನ. ನನ್ನ ಬಡಪಾಯಿ ರಾಜ ಆಳಿದ್ದು ಇಂಥದ್ದೇ ಕಡೆ. ಕುಬ್ಜದ ಬೆಂಕಿ ಸಣ್ಣದು, ಚಳಿ ಕಾಯಿಸಿಕೊಳ್ಳಲು ಗ್ರಹ ಒಲೆಯ ಪಕ್ಕಕ್ಕೇ ಹೋಗಿ ಕೂರಬೇಕು. ಅಷ್ಟು ಹತ್ತಿರ ಕೂತರೆ ಗ್ರಹದ ಒಂದೇ ಮುಖ ಸದಾ ನಕ್ಷತ್ರದ ಕಡೆ ತಿರುಗಿ ನಿಂತುಬಿಡುವ ಸಾಧ್ಯತೆ ಜಾಸ್ತಿ. ಒಂದು ಕಡೆ ಮುಗಿಯದ ಹಗಲು, ಇನ್ನೊಂದು ಕಡೆ ಮುಗಿಯದ ರಾತ್ರಿ. ಅಂಥ ಕತೆಯೇ ಬೇಕಿದ್ದರೆ ಭೇಷ್. ಬೆಳಗಾಗಿ ಹಾಲಿನವನು ಬರಬೇಕು ಅಂತಿದ್ದರೆ ಬೇಡ.

ನಾನು ಸೊಡರಿಗೆ 0.8 ಕೊಟ್ಟೆ. ಸೂರ್ಯನಿಗಿಂತ ಸ್ವಲ್ಪ ಹಗುರ, ಸ್ವಲ್ಪ ತಂಪು, ತುಂಬ ದೀರ್ಘಾಯುಷಿ. ಮೊದಲ ಸಲ ಮಾಡುವವರಿಗೆ 0.7ರಿಂದ 1.1ರ ನಡುವೆ ಇರಿ ಅಂತ ಹೇಳುತ್ತೇನೆ.

ಹೆಜ್ಜೆ 2: ಹತ್ತು ನಿಮಿಷದ ಲೆಕ್ಕ

ಈ ಸೂತ್ರಗಳು ಒರಟು ಅಂದಾಜು. ಸೂರ್ಯನ ಅರ್ಧ ತೂಕದಿಂದ ಎರಡು ಪಟ್ಟಿನವರೆಗೆ ಕತೆಗೆ ಸಾಕಾಗುವಷ್ಟು ಸರಿ ಬರುತ್ತವೆ.

ಬೆಳಕು: ತೂಕವನ್ನು ಅದರಿಂದಲೇ ಗುಣಿಸಿ, ಬಂದದ್ದನ್ನು ಮತ್ತೆ ಅದರಿಂದಲೇ ಗುಣಿಸಿ. 0.8 × 0.8 = 0.64. 0.64 × 0.64 = 0.41. ಸೊಡರು ಕೊಡುವ ಬೆಳಕು ಸೂರ್ಯನ ಬೆಳಕಿನ ನೂರಕ್ಕೆ ನಲವತ್ತೊಂದು ಪಾಲು. ತೂಕ ಐದನೇ ಒಂದು ಭಾಗ ಇಳಿದದ್ದಕ್ಕೆ ಬೆಳಕು ಅರ್ಧಕ್ಕಿಂತ ಕೆಳಗೆ ಹೋಯಿತು ನೋಡಿ.

ಆಯಸ್ಸು: 1,000 ಕೋಟಿಯನ್ನು ತೂಕದಿಂದ ಗುಣಿಸಿ, ಬೆಳಕಿನಿಂದ ಭಾಗಿಸಿ. 1,950 ಕೋಟಿ ವರ್ಷ. ಇಡೀ ವಿಶ್ವದ ವಯಸ್ಸೇ 1,380 ಕೋಟಿ. ಅಂದರೆ ಸೊಡರಿನ ತೂಕದ ನಕ್ಷತ್ರ ವಯಸ್ಸಾಗಿ ಸಾಯುವಷ್ಟು ಕಾಲ ಈ ವಿಶ್ವಕ್ಕೇ ಇನ್ನೂ ಆಗಿಲ್ಲ.

ಗ್ರಹದ ದೂರ: ಭೂಮಿಗೆ ಸಿಗುವಷ್ಟೇ ಬಿಸಿಲು ಸಿಗಬೇಕೆಂದರೆ ಬೆಳಕಿನ ವರ್ಗಮೂಲ ತೆಗೆಯಿರಿ. 0.41ರ ವರ್ಗಮೂಲ 0.64. ಭೂಮಿಯಿಂದ ಸೂರ್ಯನಿಗೆ 15 ಕೋಟಿ ಕಿಲೋಮೀಟರ್ ತಾನೇ? ಅದನ್ನು 0.64ರಿಂದ ಗುಣಿಸಿದರೆ 9.6 ಕೋಟಿ. ಪಡಸಾಲೆ ಅಲ್ಲಿ ಕೂರಲಿ. ನಮಗೆ ಸೂರ್ಯನ ಬೆಳಕು ತಲುಪಲು 8 ನಿಮಿಷ 20 ಸೆಕೆಂಡು ಬೇಕು, ಅವರಿಗೆ 5 ನಿಮಿಷ 20 ಸೆಕೆಂಡು. ಸ್ವಲ್ಪ ಚಳಿಯ ಗ್ರಹ ಬೇಕಾದರೆ ಹೊರಕ್ಕೆ ತಳ್ಳಿ, ಸೆಕೆ ಬೇಕಾದರೆ ಒಳಕ್ಕೆ ಎಳೆಯಿರಿ. ಜಾಸ್ತಿ ಎಳೆಯಬೇಡಿ, ಕಡಲು ಆರಿಹೋಗುತ್ತದೆ.

ವರ್ಷ: ಇದು ಕೆಪ್ಲರ್ 1619ರಲ್ಲಿ ಪ್ರಕಟಿಸಿದ ನಿಯಮ. ದೂರವನ್ನು ಮೂರು ಸಲ ಗುಣಿಸಿ (0.64 × 0.64 × 0.64 = 0.262), ತೂಕದಿಂದ ಭಾಗಿಸಿ (0.328), ವರ್ಗಮೂಲ ತೆಗೆಯಿರಿ (0.572). ನಮ್ಮ ವರ್ಷದ 0.572 ಪಾಲು, ಅಂದರೆ 209 ದಿನ.

ಆಕಾಶದಲ್ಲಿ ಗಾತ್ರ: ಇಂಥ ನಕ್ಷತ್ರಗಳ ಅಗಲ ಸುಮಾರಾಗಿ ತೂಕದ ಜೊತೆಗೇ ಹೋಗುತ್ತದೆ. 0.8ನ್ನು ದೂರ 0.64ರಿಂದ ಭಾಗಿಸಿದರೆ 1.25. ಪಡಸಾಲೆಯಿಂದ ನೋಡಿದರೆ ಅವರ ಸೂರ್ಯ ನಮ್ಮದಕ್ಕಿಂತ ಕಾಲು ಪಾಲು ಅಗಲ. ಇದು ನನಗೆ ಮೊದಲು ಆಶ್ಚರ್ಯ ತಂದ ಉತ್ತರ. ಸಣ್ಣ ನಕ್ಷತ್ರ, ಆದರೆ ದೊಡ್ಡದಾಗಿ ಕಾಣುವ ಸೂರ್ಯ!

ಹೆಜ್ಜೆ 3: ಬಣ್ಣಕ್ಕೆ ಬಲ್ಬಿನ ಅಂಗಡಿಗೆ ಹೋಗಿ

ಸೂರ್ಯನ ಮೇಲ್ಮೈ ಬಿಸಿ 5,772 ಕೆಲ್ವಿನ್. ಅದನ್ನು ತೂಕದ ವರ್ಗಮೂಲದಿಂದ ಗುಣಿಸಿದರೆ ನಿಮ್ಮ ನಕ್ಷತ್ರದ ಬಿಸಿ ಸಿಗುತ್ತದೆ. ಸೊಡರಿಗೆ ಸುಮಾರು 5,160.

ಈಗ ಎಲೆಕ್ಟ್ರಿಕಲ್ ಅಂಗಡಿಗೆ ಹೋಗಿ ಎಲ್‌ಇಡಿ ಬಲ್ಬು ಕೇಳಿ. "ವೈಟಾ, ವಾರ್ಮಾ?" ಅಂತ ಅವರು ಕೇಳುತ್ತಾರೆ. ಡಬ್ಬಿಯ ಬದಿ ನೋಡಿ. ವಾರ್ಮ್ ಅಂದದ್ದರ ಮೇಲೆ 3000ಕೆ ಅಥವಾ 2700ಕೆ, ವೈಟ್ ಅಂದದ್ದರ ಮೇಲೆ 6500ಕೆ ಅಂತ ಇರುತ್ತದೆ. ಆ 'ಕೆ'ಯೇ ಕೆಲ್ವಿನ್. ಅದು ಸುಮ್ನೆ ಹೋಲಿಕೆಗೆ ಹೇಳಿದ್ದಲ್ಲ, ನಕ್ಷತ್ರದ ಬಣ್ಣಕ್ಕೂ ಬಲ್ಬಿನ ಬಣ್ಣಕ್ಕೂ ಅಳತೆಗೋಲು ಒಂದೇ.

ಕೆಂಪು ಕುಬ್ಜದ ಬಿಸಿ 3,000ದ ಆಸುಪಾಸು. ಅಂದರೆ ನಾವು ಕತೆಗಳಲ್ಲಿ 'ರಕ್ತದಂಥ ಬೆಳಕು' ಅಂತ ಬರೆಯುತ್ತೇವಲ್ಲ, ಅದು ಹೋಟೆಲ್ ರೂಮಿನ ಹಳದಿ ಬಲ್ಬಿನ ಬೆಳಕು! ನಾನು 3000ಕೆ ಬಲ್ಬು ತಂದು ರಾತ್ರಿ ಅದೊಂದನ್ನೇ ಹಾಕಿಕೊಂಡು ಕೂತೆ. ಮೊದಲ ನಿಮಿಷ ಗೋಡೆ, ಹಾಸಿಗೆ, ನನ್ನ ಕೈ ಎಲ್ಲ ಅರಿಶಿನ. ಐದು ನಿಮಿಷ ಬಿಟ್ಟು ನೋಡಿದರೆ ಎದುರಿದ್ದ ಕಾಗದ ಬೆಳ್ಳಗೇ ಕಾಣುತ್ತಿತ್ತು. ಕಣ್ಣು ಒಗ್ಗಿಕೊಂಡುಬಿಟ್ಟಿತ್ತು. ಅಷ್ಟರಲ್ಲಿ ಯಾರೋ ಪಕ್ಕದ ಅಡುಗೆಮನೆಯ ಟ್ಯೂಬ್‌ಲೈಟ್ ಹಾಕಿದರು. ಬಾಗಿಲ ಸಂದಿಯಿಂದ ಬಂದ ಆ ಬೆಳಕು ಸೀಮೆಎಣ್ಣೆ ಸ್ಟೌವಿನ ಉರಿಯಷ್ಟು ನೀಲಿ.

ಬರೆಯುವವರಿಗೆ ಇದರಲ್ಲಿ ಕೆಲಸಕ್ಕೆ ಬರುವ ವಿಷಯ ಇದೆ. ಅಲ್ಲೇ ಹುಟ್ಟಿ ಬೆಳೆದ ಪಾತ್ರ ತನ್ನ ಸೂರ್ಯನನ್ನು ಕೆಂಪು ಅನ್ನುವುದಿಲ್ಲ. ಅವನಿಗೆ ಅದೇ ಬಿಳಿ. ಹೊರಗಿನಿಂದ ಬಂದವನು ಮಾತ್ರ, ಅದೂ ಮೊದಲ ದಿನ, "ಏನಿದು ಎಲ್ಲ ತುಪ್ಪ ಸವರಿದ ಹಾಗಿದೆ" ಅಂತಾನೆ. ಬಣ್ಣದ ವರ್ಣನೆಯನ್ನು ಯಾರ ಬಾಯಲ್ಲಿ ಹೇಳಿಸುತ್ತೀರಿ ಅನ್ನುವುದನ್ನು ಮೊದಲೇ ನಿರ್ಧರಿಸಿ.

ಸೊಡರು 5,160. ಸೂರ್ಯನಿಗಿಂತ ಒಂದು ಕೂದಲೆಳೆ ಹಳದಿ, ಅಷ್ಟೇ. ಬಿಸಿಯಿಂದ ತಂಪಿಗೆ ಓ, ಬಿ, ಎ, ಎಫ್, ಜಿ, ಕೆ, ಎಂ ಅಂತ ನಕ್ಷತ್ರಗಳ ವರ್ಗ ಬರುತ್ತದೆ. ಹಾರ್ವರ್ಡ್‌ನಲ್ಲಿ ಆನಿ ಜಂಪ್ ಕ್ಯಾನನ್ ಒಪ್ಪ ಮಾಡಿದ ಕ್ರಮ ಇದು. ಪ್ರತಿ ವರ್ಗದ ರೋಹಿತದಲ್ಲಿ (ಬೆಳಕನ್ನು ಬಣ್ಣ ಬಣ್ಣವಾಗಿ ಬಿಡಿಸಿದ ಪಟ್ಟಿಯಲ್ಲಿ) ಬೇರೆ ಬೇರೆ ಗೆರೆಗಳು ಯಾಕೆ ಕಾಣುತ್ತವೆ, ಬಿಸಿಗೂ ಅದಕ್ಕೂ ಏನು ಸಂಬಂಧ ಅಂತ 1920ರಲ್ಲಿ ಸಮೀಕರಣ ಬರೆದು ತೋರಿಸಿದವರು ನಮ್ಮ ಮೇಘನಾದ ಸಹಾ. ಸೂರ್ಯ ಜಿ, ಸೊಡರು ಕೆ. ಈ ಕೆ ಬೇರೆ, ಕೆಲ್ವಿನ್‌ನ ಕೆ ಬೇರೆ. ಹೆಸರಿಟ್ಟವರಿಗೆ ಬೇರೆ ಅಕ್ಷರ ಸಿಗಲಿಲ್ಲವೇನೋ.

ಹೆಜ್ಜೆ 4: ಪಂಚಾಂಗ ಬರೆಯಿರಿ

ನನಗೆ ಅತಿ ಇಷ್ಟದ ಹೆಜ್ಜೆ ಇದು. ಬಹಳಷ್ಟು ಜನ ಇದನ್ನು ಹಾರಿಸಿಬಿಡುತ್ತಾರೆ.

ವರ್ಷ 209 ದಿನ ಅಂತ ಬಂತಲ್ಲ. ದಿನಕ್ಕೆ 24 ಗಂಟೆ ಅಂತಲೇ ಇಟ್ಟುಕೊಂಡಿದ್ದೇನೆ. ದಿನದ ಉದ್ದ ನಕ್ಷತ್ರದಿಂದ ಬರುವುದಿಲ್ಲ, ಅದು ನಿಮ್ಮಿಷ್ಟ. ಈಗ ಆ 209ನ್ನು ಮನೆಯೊಳಗೆ ತನ್ನಿ. ಹಿರಿಯರ ಕಾಲಿಗೆ ಬಿದ್ದಾಗ "ನೂರು ವರ್ಷ ಬಾಳು" ಅಂತಾರೆ. ಪಡಸಾಲೆಯ ನೂರು ವರ್ಷ ಅಂದರೆ ನಮ್ಮ 57. ಸರ್ಕಾರಿ ನೌಕರಿಯಿಂದ ನಿವೃತ್ತಿ ಕೂಡ ಆಗಿರುವುದಿಲ್ಲ! ಅಲ್ಲಿ ಆ ಆಶೀರ್ವಾದ ಶಾಪವಾಗುತ್ತದೆ. ವಲಸೆ ಹೋದ ಮೊದಲ ತಲೆಮಾರು ಹಳೇ ಮಾತನ್ನೇ ಹೇಳುತ್ತಿತ್ತು, ಎರಡನೇ ತಲೆಮಾರು "ಇನ್ನೂರು ವರ್ಷ" ಅಂತ ತಿದ್ದಿಕೊಂಡಿತು. ಅರವತ್ತರ ಶಾಂತಿ ಬರುವುದು ನಮ್ಮ ಲೆಕ್ಕದ 34ಕ್ಕೆ. ಮಗುವನ್ನು ಎಷ್ಟನೇ ವರ್ಷಕ್ಕೆ ಶಾಲೆಗೆ ಸೇರಿಸುತ್ತಾರೆ, ಮದುವೆ ವಯಸ್ಸು ಎಷ್ಟು, ಸಾಲದ ಬಡ್ಡಿ ವರ್ಷಕ್ಕೋ ತಿಂಗಳಿಗೋ, ಎಲ್ಲ ಕೇಳಿಕೊಳ್ಳಿ. ಬಡ್ಡಿ ಲೆಕ್ಕದಲ್ಲೇ ಒಂದು ಜಗಳದ ಕತೆ ಇದೆ.

ಆಮೇಲೆ ಚಂದ್ರ. ಇಲ್ಲದೆಯೂ ನಡೆಯುತ್ತದೆ, ಆದರೆ ಚಂದ್ರನಿಲ್ಲದ ಊರಲ್ಲಿ ತಿಂಗಳು ಅನ್ನುವ ಮಾತಿಗೆ ಅರ್ಥವೇ ಇಲ್ಲ. ತಿಂಗಳು ಅಂದರೇ ಚಂದ್ರ ತಾನೇ? ನಾನು ಪಡಸಾಲೆಗೆ ಗಿಂಡಿ ಅಂತ ಒಬ್ಬ ಚಂದ್ರನನ್ನು ಕೊಟ್ಟೆ. ಗಾತ್ರ, ತೂಕ ನಮ್ಮ ಚಂದ್ರನದೇ, ದೂರ ಮಾತ್ರ ಅರ್ಧ. ಅರ್ಧ ದೂರ ಅಂದ ತಕ್ಷಣ ನಾಲ್ಕು ಸಂಗತಿ ಬದಲಾಗುತ್ತವೆ.

ಒಂದು, ಅದು ಎರಡು ಪಟ್ಟು ಅಗಲ ಕಾಣುತ್ತದೆ. ಅವರ ಸೂರ್ಯ 1.25 ಪಟ್ಟು ಅಗಲ, ಚಂದ್ರ ಎರಡು ಪಟ್ಟು. ಹಾಗಾಗಿ ಗ್ರಹಣದ ಮಧ್ಯದಲ್ಲಿ ಸೂರ್ಯ ಪೂರ್ತಿ ಮುಚ್ಚಿಹೋಗುತ್ತಾನೆ, ಸುತ್ತ ಬಳೆ ಉಳಿಯುವುದಿಲ್ಲ. 2019ರ ಡಿಸೆಂಬರ್ 26ರಂದು ಮಂಗಳೂರಿನವರು ನೋಡಿದ ಕಂಕಣ ಗ್ರಹಣದಂಥದ್ದು ಅಲ್ಲಿ ಆಗುವುದೇ ಇಲ್ಲ. ಅಜ್ಜಿ ಹೇಳಿದ 'ಬಳೆ ಗ್ರಹಣ' ಮೊಮ್ಮಕ್ಕಳಿಗೆ ಕಟ್ಟುಕತೆ.

ಎರಡು, ಉಬ್ಬರ ಇಳಿತ. ಚಂದ್ರನ ಸೆಳೆತದಿಂದ ಏಳುವ ಉಬ್ಬರ ದೂರ ಅರ್ಧವಾದರೆ ಎಂಟು ಪಟ್ಟಾಗುತ್ತದೆ. ಕಡಲ ದಂಡೆಯಲ್ಲಿ ಮನೆ ಕಟ್ಟುವ ಹಾಗಿಲ್ಲ. ಮೀನುಗಾರರ ಊರು ಒಳಗೆ ಗುಡ್ಡದ ಮೇಲೆ, ದೋಣಿ ಕೆಳಗೆ ಕೆಸರಿನಲ್ಲಿ. ದಿನಕ್ಕೆರಡು ಸಲ ನೀರೇ ದೋಣಿಯನ್ನು ಎತ್ತಿಕೊಂಡು ಮೇಲೆ ಬರುತ್ತದೆ.

ಮೂರು, ತಿಂಗಳು. ನಮ್ಮ ಚಂದ್ರ ಭೂಮಿಯನ್ನು ಸುತ್ತಲು 27.3 ದಿನ. ಗಿಂಡಿಗೆ ಒಂಬತ್ತೂವರೆ ದಿನದ ಮೇಲೆ ಸ್ವಲ್ಪ. ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಹತ್ತು ದಿನದ ಮೇಲೆ ಚೂರು. ವರ್ಷಕ್ಕೆ ಇಪ್ಪತ್ತು ತಿಂಗಳು ತುಂಬಿ, ಇನ್ನೂ ಮೂರರಲ್ಲಿ ಎರಡು ಪಾಲಿಗೆ ಹತ್ತಿರ ಉಳಿಯುತ್ತದೆ. ಮೂರು ವರ್ಷಕ್ಕೆ ಎರಡು ಅಧಿಕ ಮಾಸ ಹಾಕಿದರೆ ಲೆಕ್ಕ ಸರಿಹೋಗುತ್ತದೆ.

ನಾಲ್ಕು, ಮಳೆ. ನಮ್ಮಲ್ಲಿ ನಕ್ಷತ್ರ 27 ಆದದ್ದು ಚಂದ್ರನಿಗೆ ಒಂದು ಸುತ್ತಿಗೆ 27 ದಿನ ಹಿಡಿಯುವುದರಿಂದ, ರಾತ್ರಿಗೊಂದು ಮನೆ. ಅದೇ 27ರಲ್ಲಿ ಸೂರ್ಯ ಒಂದೊಂದರಲ್ಲೂ ಹದಿಮೂರು ಹದಿನಾಲ್ಕು ದಿನ ಇರುತ್ತಾನೆ, ನಮ್ಮ ರೈತರು ಅದನ್ನೇ ಮಳೆಯ ಹೆಸರು ಮಾಡಿಕೊಂಡಿದ್ದಾರೆ. "ರೋಹಿಣಿ ಮಳೆ ಬಂದರೆ ಓಣಿಯೆಲ್ಲ ಜೋಳ." ಪಡಸಾಲೆಯಲ್ಲಿ ರಾತ್ರಿಗೊಂದು ಮನೆ ಅಂದರೆ ಹತ್ತು ನಕ್ಷತ್ರ ಸಾಕು. ಒಂದೊಂದು ಮಳೆಯೂ ಇಪ್ಪತ್ತೊಂದು ದಿನ. ಆ ಹತ್ತಕ್ಕೆ ಹೆಸರು, ಹೆಸರಿಗೊಂದು ಗಾದೆ ಕಟ್ಟಿದಿರೋ, ಅರ್ಧ ಲೋಕ ಕಟ್ಟಿದ ಹಾಗೇ.

ಹೆಜ್ಜೆ 5: ವಿಳಾಸ ಕೊಡಿ

"ದೂರದ ಒಂದು ನಕ್ಷತ್ರ" ಅಂತ ಬರೆದು ಕೈ ತೊಳೆದುಕೊಳ್ಳಬೇಡಿ. ಎಷ್ಟು ದೂರ, ಯಾವ ದಿಕ್ಕು?

ಮೊದಲು ದೂರ. ನಮ್ಮ ಸೂರ್ಯ ಬರಿಗಣ್ಣಿಗೆ ಕಾಣುವುದು ಸುಮಾರು 56 ಜ್ಯೋತಿರ್ವರ್ಷದವರೆಗೆ. ಅದರಾಚೆ ಹೋದರೆ, ಎಷ್ಟೇ ಕತ್ತಲಿದ್ದರೂ ನಾವು ಇಲ್ಲ. ನಿಮ್ಮ ನಕ್ಷತ್ರದ ಮಿತಿ ಬೇಕಾದರೆ 56ನ್ನು ಬೆಳಕಿನ ವರ್ಗಮೂಲದಿಂದ ಗುಣಿಸಿ. ಸೊಡರಿಗೆ 56 × 0.64, ಅಂದರೆ 36 ಜ್ಯೋತಿರ್ವರ್ಷ.

ಈ ಎರಡು ಸಂಖ್ಯೆಗಳ ನಡುವೆ ಒಂದು ಸಂದಿ ಇದೆ. ನಾನು ಸೊಡರನ್ನು ಬೇಕಂತಲೇ ಅಲ್ಲಿಟ್ಟೆ, 45 ಜ್ಯೋತಿರ್ವರ್ಷಕ್ಕೆ. ಆಗ ಅವರಿಗೆ ನಾವು ಕಾಣುತ್ತೇವೆ, ನಮಗೆ ಅವರು ಕಾಣುವುದಿಲ್ಲ. ಅಮಾವಾಸ್ಯೆಯ ರಾತ್ರಿ, ದೀಪವಿಲ್ಲದ ಬಯಲಲ್ಲಿ ಅಜ್ಜ ಮೊಮ್ಮಗಳಿಗೆ ಒಂದು ಚುಕ್ಕಿ ತೋರಿಸುತ್ತಾನೆ, ಕಂಡೂ ಕಾಣದಂಥದ್ದು. ಇಲ್ಲಿಂದ ಯಾರೂ ಹಾಗೆ ತೋರಿಸಲಾರರು, ದುರ್ಬೀನು ಬೇಕು. ಇದನ್ನು ನಾನು ಕಲ್ಪಿಸಿಕೊಂಡದ್ದಲ್ಲ, ಲೆಕ್ಕದಿಂದ ಸಿಕ್ಕಿದ್ದು.

ಜ್ಯೋತಿರ್ವರ್ಷ ದೂರದ ಅಳತೆ, ಕಾಲದ್ದಲ್ಲ. ಎಲ್ಲರಿಗೂ ಗೊತ್ತು, ಆದರೂ ಬರೆಯುವ ಭರದಲ್ಲಿ ಕೈ ತಪ್ಪುತ್ತದೆ. 45 ಜ್ಯೋತಿರ್ವರ್ಷ ಅಂದರೆ ಇಲ್ಲಿಂದ "ಹೇಗಿದ್ದೀರಿ" ಅಂತ ಕಳಿಸಿದರೆ ಉತ್ತರ ಬರುವುದು 90 ವರ್ಷಕ್ಕೆ. 1977ರಲ್ಲಿ ಹೊರಟ ವಾಯೇಜರ್ 1 ಈಗ ಸೆಕೆಂಡಿಗೆ 17 ಕಿಲೋಮೀಟರ್ ವೇಗದಲ್ಲಿ ಹೋಗುತ್ತಿದೆ. ಆ ವೇಗದಲ್ಲಿ ಸೊಡರಿಗೆ ಸುಮಾರು 8 ಲಕ್ಷ ವರ್ಷ. ಅದಕ್ಕೇ ಹೇಗೆ ಹೋದರು ಅಂತ ಕೇಳಬೇಡಿ ಅಂದದ್ದು.

ಹಾಗಂತ ಇದೇನು ದೂರ ಅಲ್ಲವೇ ಅಲ್ಲ. ನಮ್ಮ ಕ್ಷೀರಪಥದ ಅಗಲ ಸುಮಾರು 1 ಲಕ್ಷ ಜ್ಯೋತಿರ್ವರ್ಷ. ಅದನ್ನು ಒಂದು ಮೀಟರ್ ಅಗಲದ ಹಾಳೆ ಮೇಲೆ ಬರೆದರೆ ಸೂರ್ಯನಿಗೂ ಸೊಡರಿಗೂ ನಡುವೆ ಅರ್ಧ ಮಿಲಿಮೀಟರ್ ಕೂಡ ಇಲ್ಲ. ಎರಡೂ ಒಂದೇ ಪೆನ್ಸಿಲ್ ಚುಕ್ಕೆಯೊಳಗೆ. ಕತೆ ಕ್ಷೀರಪಥದ ನಡುಭಾಗಕ್ಕೇ ಹೋಗಬೇಕು ಅಂತಿದ್ದರೆ ಅದು 26,000 ಜ್ಯೋತಿರ್ವರ್ಷ ಆಚೆ. ಅಲ್ಲಿ ನಕ್ಷತ್ರಗಳು ಸಂತೆಯ ಹಾಗೆ ಕಿಕ್ಕಿರಿದಿವೆ, ನಮ್ಮ ಕಗ್ಗತ್ತಲ ರಾತ್ರಿ ಸಿಗದು.

ಈಗ ದಿಕ್ಕು. ನಿಜವಾದ ಒಂದು ನಕ್ಷತ್ರವನ್ನು ಹಿಡಿದುಕೊಂಡು ಅದರ ನೇರಕ್ಕೆ ನಿಮ್ಮದನ್ನು ಇಡುವುದು ಸುಲಭ. ನಾನು ರೋಹಿಣಿಯನ್ನು ಹಿಡಿದೆ. ಅದು ಸುಮಾರು 65 ಜ್ಯೋತಿರ್ವರ್ಷ ದೂರ. ಸೊಡರು ಅದೇ ಸಾಲಿನಲ್ಲಿ 45ಕ್ಕೆ ಇದ್ದರೆ ಪಡಸಾಲೆಯವರಿಗೆ ರೋಹಿಣಿ 20 ಜ್ಯೋತಿರ್ವರ್ಷದಲ್ಲೇ ಸಿಗುತ್ತದೆ, ನಮಗೆ ಕಾಣುವುದಕ್ಕಿಂತ ಹತ್ತು ಪಟ್ಟು ಪ್ರಕಾಶ. ನಮ್ಮ ಆಕಾಶದ ಅತಿ ಹೊಳೆಯುವ ಲುಬ್ಧಕ ಇರುವುದು ಬರೀ 8.6 ಜ್ಯೋತಿರ್ವರ್ಷದಲ್ಲಿ. ಅವರಿಗೆ ಅದು ಸುಮಾರು 40 ಆಗುತ್ತದೆ, ಇಪ್ಪತ್ತು ಪಟ್ಟು ಮಂಕಾಗಿ ನೂರರಲ್ಲಿ ಒಂದಾಗಿಬಿಡುತ್ತದೆ. ಮಹಾವ್ಯಾಧ (ಓರಿಯನ್) ನಕ್ಷತ್ರಪುಂಜದ ಆಕಾರ ಮಾತ್ರ ಹೆಚ್ಚುಕಡಿಮೆ ಹಾಗೇ ಇರುತ್ತದೆ, ಯಾಕೆಂದರೆ ಅವನ ಮುಖ್ಯ ನಕ್ಷತ್ರಗಳೆಲ್ಲ ನೂರಾರು ಜ್ಯೋತಿರ್ವರ್ಷ ಆಚೆ. ಹತ್ತಿರದವು ಜಾಗ ಬದಲಿಸುತ್ತವೆ, ದೂರದವು ಬದಲಿಸುವುದಿಲ್ಲ. ಬಸ್ಸಿನ ಕಿಟಕಿಯಿಂದ ನೋಡುವಾಗ ಲೈಟುಕಂಬ ಓಡಿಹೋಗುತ್ತದೆ, ಬೆಟ್ಟ ನಮ್ಮ ಜೊತೆಗೇ ಬರುತ್ತದಲ್ಲ, ಹಾಗೆ.

ಅಲ್ಲಿಂದ ನಮ್ಮ ಸೂರ್ಯ ಎಲ್ಲಿ ಕಾಣುತ್ತಾನೆ? ಸರಿಯಾಗಿ ಎದುರು ದಿಕ್ಕಿಗೆ. ಇದಕ್ಕೆ ಪಂಚಾಂಗದ ಪಟ್ಟಿ ಸಾಕು. 27ರಲ್ಲಿ ಅರ್ಧ ಸುತ್ತು ಎಣಿಸಿ. ರೋಹಿಣಿ ನಾಲ್ಕನೆಯದು, ಹದಿನಾಲ್ಕು ಕೂಡಿದರೆ ಹದಿನೆಂಟು, ಜ್ಯೇಷ್ಠಾ. ಆಕಾಶದ ನಕ್ಷೆಯಲ್ಲಿ ನೋಡಿದರೂ ರೋಹಿಣಿಯ ನೇರ ಎದುರು ಬಿಂದು ಜ್ಯೇಷ್ಠಾದಿಂದ ಸುಮಾರು ಹತ್ತು ಡಿಗ್ರಿ ಆಚೆ ಬೀಳುತ್ತದೆ. ಕೈ ಚಾಚಿ ಮುಷ್ಟಿ ಹಿಡಿದರೆ ಎಷ್ಟು ಅಗಲವೋ ಅಷ್ಟು. ಅಜ್ಜ ಮೊಮ್ಮಗಳಿಗೆ ಹೇಳುವ ಗುರುತು ಇದೇ: "ಕೆಂಪು ಜ್ಯೇಷ್ಠಾ ಇದೆಯಲ್ಲ, ಅಲ್ಲಿಂದ ಒಂದು ಮುಷ್ಟಿ."

ದಿಕ್ಕು ಗೊತ್ತಾದರೆ ಕತೆಯ ಭೂಮಿಯ ಕಡೆಯ ಭಾಗಕ್ಕೂ ಕ್ಯಾಲೆಂಡರ್ ಸಿಗುತ್ತದೆ. ರೋಹಿಣಿ ಮಳೆಯ ಹೊತ್ತಿಗೆ, ಅಂದರೆ ಮೇ ಕೊನೆ, ಜೂನ್ ಶುರುವಿನಲ್ಲಿ, ಸೂರ್ಯ ಆ ದಿಕ್ಕಿನಲ್ಲೇ ಇರುತ್ತಾನೆ. ಆಗ ಸೊಡರನ್ನು ನೋಡುವ ಹಾಗಿಲ್ಲ. ಡಿಸೆಂಬರ್ ಮೊದಲ ವಾರದಲ್ಲಿ ಅದು ನಡುರಾತ್ರಿ ನೆತ್ತಿಯ ಹತ್ತಿರ. ನನ್ನ ಕತೆಯ ವಿಜ್ಞಾನಿ ಕೂತಿರುವುದು ಬೆಂಗಳೂರಿನ ಪಕ್ಕದ ಹೊಸಕೋಟೆಯಲ್ಲಿ. ಲಡಾಖಿನ ಹಾನ್ಲೆಯಲ್ಲಿ 4,500 ಮೀಟರ್ ಎತ್ತರದಲ್ಲಿರುವ ಎರಡು ಮೀಟರ್ ದುರ್ಬೀನನ್ನು ಭಾರತೀಯ ಖಭೌತ ಸಂಸ್ಥೆಯವರು ನಿಜವಾಗಿಯೂ ಹೊಸಕೋಟೆಯಿಂದಲೇ ನಡೆಸುತ್ತಾರೆ. ಅಲ್ಲಿ ಮೈ ಕೊರೆಯುವ ಚಳಿ, ಇಲ್ಲಿ ಕ್ಯಾಂಟೀನ್ ಚಹಾ. ಇಂಥದ್ದನ್ನು ಕಟ್ಟುಕತೆಯಲ್ಲಿ ಬರೆದರೆ ಯಾರೂ ನಂಬುತ್ತಿರಲಿಲ್ಲ.

ಹೆಜ್ಜೆ 6: ಹೆಸರು

ಎರಡು ಹೆಸರು ಬೇಕು. ಹೊರಗಿನವರು ಕರೆಯುವುದೊಂದು, ಅಡಿಯಲ್ಲಿ ಬದುಕುವವರು ಕರೆಯುವುದೊಂದು.

ಬರಿಗಣ್ಣಿಗೆ ಕಾಣದ ನಕ್ಷತ್ರಕ್ಕೆ ಪುರಾಣದ ಹೆಸರು ಇರುವುದಿಲ್ಲ. ಯಾವ ಋಷಿಯೂ ಅದನ್ನು ನೋಡಿಲ್ಲ. ಹಾಗಾಗಿ ಭೂಮಿಯವರ ಮಟ್ಟಿಗೆ ಅದೊಂದು ಪಟ್ಟಿಯ ಸಂಖ್ಯೆ. ಎಚ್‌ಡಿ ಅಂತ ಶುರುವಾಗುವ ನೂರು ವರ್ಷ ಹಳೆಯ ಪಟ್ಟಿಯಲ್ಲಿ ಎರಡು ಲಕ್ಷಕ್ಕೂ ಜಾಸ್ತಿ ನಕ್ಷತ್ರಗಳಿವೆ. ನೀವು ಕೈಗೆ ಬಂದ ಸಂಖ್ಯೆ ಹಾಕಿದರೆ ಅದು ನಿಜವಾದ ಇನ್ಯಾವುದೋ ನಕ್ಷತ್ರದ್ದಾಗಿರುತ್ತದೆ. ಅದಕ್ಕೇ ಪಟ್ಟಿಯ ಹೆಸರನ್ನೂ ನೀವೇ ಹುಟ್ಟಿಸಿ. ಸಂಖ್ಯೆಗೆ ಹೆಸರು ಸಿಗುವುದೂ ಉಂಟು. ಅಂತರರಾಷ್ಟ್ರೀಯ ಖಗೋಳ ಒಕ್ಕೂಟ 2019ರಲ್ಲಿ ದೇಶಕ್ಕೊಂದು ನಕ್ಷತ್ರ ಹೆಸರಿಸಲು ಅವಕಾಶ ಕೊಟ್ಟಾಗ ಭಾರತದ ಪಾಲಿಗೆ ಬಂದದ್ದು ಎಚ್‌ಡಿ 86081. ಅದಕ್ಕೀಗ ಭೌತವಿಜ್ಞಾನಿ ಬಿಭಾ ಚೌಧುರಿ ಅವರ ನೆನಪಿನಲ್ಲಿ ಬಿಭಾ ಅಂತ ಹೆಸರು, ಅದರ ಗ್ರಹ ಸಂತಮಸ.

ಇನ್ನು ಅಲ್ಲಿಯವರು. ನಾವು ಸೂರ್ಯನನ್ನು ದಿನಕ್ಕೆಷ್ಟು ಸಲ ಸೂರ್ಯ ಅಂತ ಕರೆಯುತ್ತೇವೆ? ಹಳ್ಳಿಯಲ್ಲಿ ಹೊತ್ತು ಹುಟ್ಟಿತು, ಹೊತ್ತು ಮುಳುಗಿತು, ಹೊತ್ತೇರಿತು ಅಂತಾರೆ. ಕಾಲಕ್ಕೂ ಸೂರ್ಯನಿಗೂ ಅದೊಂದೇ ಮಾತು. ಹಾಗೇ ಪಡಸಾಲೆಯ ಮಕ್ಕಳಿಗೆ ಸೊಡರು ಅನ್ನುವುದು ಪಾಠದ ಪುಸ್ತಕದ ಹೆಸರು. ಬಾಯಲ್ಲಿ ಬರುವುದು ಹೊತ್ತು. ನಮ್ಮ ಸೂರ್ಯನನ್ನು ಅವರು 'ಹಳೇ ಹೊತ್ತು' ಅಂತಾರೆ. ಈ ಹೆಸರು ಹೊಳೆದ ದಿನ ನನಗೆ ಕತೆ ಸಿಕ್ಕಿತು ಅನ್ನಿಸಿತು.

ಹೆಜ್ಜೆ 7: ಎರಡು ಸೂರ್ಯರ ಆಸೆ ಇದ್ದರೆ

ಚುಟುಕಾಗಿ ಹೇಳುತ್ತೇನೆ. ಜೋಡಿ ನಕ್ಷತ್ರಗಳು ಬೇಕಾದಷ್ಟಿವೆ. ಆಲ್ಫಾ ಸೆಂಟಾರಿಯ ಎರಡು ದೊಡ್ಡ ನಕ್ಷತ್ರಗಳು ಒಂದನ್ನೊಂದು ಸುಮಾರು 80 ವರ್ಷಕ್ಕೊಮ್ಮೆ ಸುತ್ತುತ್ತವೆ. ಗ್ರಹ ಒಂದು ನಕ್ಷತ್ರಕ್ಕೆ ಅಂಟಿಕೊಂಡಿರಲಿ, ಆ ದೂರ ನಕ್ಷತ್ರಗಳ ನಡುವಿನ ದೂರದ ಹತ್ತನೇ ಒಂದು ಭಾಗಕ್ಕಿಂತ ಕಡಿಮೆ ಇರಲಿ. ಎಂಟರ ಆಕಾರದಲ್ಲಿ ಎರಡನ್ನೂ ಸುತ್ತುವ ಗ್ರಹ ಬಾಳುವುದಿಲ್ಲ.

ನಿಮ್ಮ ಲೋಕದಲ್ಲಿ ಮಂತ್ರ ಮಾಯ ಇದೆ, ಭೌತಶಾಸ್ತ್ರವೇ ಬೇರೆ ಅಂದರೂ ತಕರಾರಿಲ್ಲ. ಒಂದು ನಿಯಮ ಮುರಿದು ಉಳಿದದ್ದನ್ನು ಹಾಗೇ ಬಿಡಿ. ಎಲ್ಲವನ್ನೂ ಒಟ್ಟಿಗೆ ಮುರಿದರೆ ಮುರಿದದ್ದೇ ಗೊತ್ತಾಗುವುದಿಲ್ಲ.

ಹೆಜ್ಜೆ 8: ಲೆಕ್ಕವನ್ನು ಬಚ್ಚಿಡಿ

ನೋಟ್‌ಬುಕ್ಕಿನಲ್ಲಿ ಇಷ್ಟೆಲ್ಲ ಬರೆದ ಮೇಲೆ ಅದನ್ನು ಓದುಗರಿಗೆ ತೋರಿಸುವ ಚಪಲ ಹುಟ್ಟುತ್ತದೆ. ನನ್ನ ಮೊದಲ ಕರಡು ಹೀಗಿತ್ತು: "ಸೊಡರು ಎಂಬುದು ಸೂರ್ಯನ 0.8ರಷ್ಟು ದ್ರವ್ಯರಾಶಿಯುಳ್ಳ ಕೆ ವರ್ಗದ ನಕ್ಷತ್ರವಾಗಿದ್ದು, ಅದರ ಗ್ರಹವಾದ ಪಡಸಾಲೆಯು 209 ದಿನಗಳಿಗೊಮ್ಮೆ ಅದನ್ನು ಸುತ್ತುತ್ತದೆ." ಇದನ್ನು ಓದಿದ ನನ್ನ ಹೆಂಡತಿ ಪರೀಕ್ಷೆ ಯಾವಾಗ ಅಂತ ಕೇಳಿದಳು.

ಆ ಸಾಲನ್ನು ಹೊಡೆದು ಹಾಕಿ, ಲೆಕ್ಕದಿಂದ ಬಂದ ಒಂದೇ ಒಂದು ಸಂಗತಿಯನ್ನು ಹಿಡಿದು, ಅದು ಗೊತ್ತಿರುವವರು ಹೇಗೆ ಮಾತಾಡುತ್ತಾರೋ ಹಾಗೆ ಬರೆದೆ. ಕತೆ ಈಗ ಶುರುವಾಗುವುದು ಹೀಗೆ: "ಅಪ್ಪನ ಅರವತ್ತರ ಶಾಂತಿಯ ದಿನ ಬೆಳಗಿನ ಜಾವ ನನ್ನ ಕೊನೇ ತಂಗಿ ಹುಟ್ಟಿದಳು."

ಅಕ್ಕನ ಮಗ ಇದನ್ನು ಓದಿದ. ಮೊಬೈಲ್ ತೆಗೆದು ಸ್ವಲ್ಪ ಹೊತ್ತು ಒತ್ತಿದ. ಏನೂ ಹೇಳದೆ ಪುಟ ತಿರುಗಿಸಿದ.